ಬೆಕ್ಕು ನಮ್ಮ ಹತ್ತಿರ ಮಾತ್ರ ಯಾಕೆ ಮಿಯಾಂವ್ ಅನ್ನುತ್ತದೆ?

ನಿಮ್ಮ ಎರಡು ಬೆಕ್ಕುಗಳು ತಮ್ಮತಮ್ಮಲ್ಲಿ ಮಿಯಾಂವ್ ಅನ್ನುವುದೇ ಇಲ್ಲ, ನಿಮ್ಮನ್ನು ಕಂಡರೆ ಮಾತ್ರ ಶುರು ಮಾಡುತ್ತವೆ, ಏನಾದರೂ ತೊಂದರೆಯಾ ಅಂತ ಕೇಳಿದ್ದೀರಿ. ತೊಂದರೆ ಏನಿಲ್ಲ. ಮರಿಗಳು ತಾಯಿಯನ್ನು ಕರೆಯಲು ಮಿಯಾಂವ್ ಅನ್ನುತ್ತವೆ, ಆದರೆ ದೊಡ್ಡದಾದ ಮೇಲೆ ಬೆಕ್ಕುಗಳು ಒಂದಕ್ಕೊಂದು ಹಾಗೆ ಕೂಗುವುದು ಬಹಳ ಕಡಿಮೆ. ಬಾಲ, ಕಿವಿ, ವಾಸನೆಯಲ್ಲೇ ಅವುಗಳ ಮಾತು ನಡೆಯುತ್ತದೆ. ನಾವು ದನಿಗೆ ಬೇಗ ತಿರುಗಿ ನೋಡುತ್ತೇವೆ ಅಲ್ವಾ, ಅದನ್ನು ಅವು ಕಲಿತುಬಿಡುತ್ತವೆ.

ಊಟ ಕೇಳುವಾಗಿನ ಗುರ್‌ಗುರ್ ಸದ್ದು ಕೂಡ ಬೇರೆಯೇ. 2009ರಲ್ಲಿ ಬ್ರಿಟನ್ನಿನ ಸಸೆಕ್ಸ್ ವಿಶ್ವವಿದ್ಯಾಲಯದ ಕರೆನ್ ಮೆಕಾಂಬ್ ತಂಡ ತೋರಿಸಿದ ಹಾಗೆ, ಆ ಸದ್ದಿನೊಳಗೆ ಅಳುವಿನಂಥ ಒಂದು ಏರುದನಿ ಸೇರಿರುತ್ತದೆ, ಬೆಕ್ಕು ಸಾಕದವರಿಗೂ ಅದು ಅವಸರದ ಕರೆಯಾಗಿ ಕೇಳಿಸುತ್ತದೆ. ನನಗಂತೂ ಇದು ತುಂಬಾ ಹಿಡಿಸಿದ ವಿಷಯ.

ಉತ್ತರ ಕೊಡಬೇಕಾ ಅಂದಿರಲ್ಲ, ಖಂಡಿತ ಕೊಡಿ. ಸುಮ್ನೆ ಮಾತಾಡಿಸಿ. ದಿಟ್ಟಿಸಿ ನೋಡಬೇಡಿ, ಕಣ್ಣನ್ನು ನಿಧಾನವಾಗಿ ಅರ್ಧ ಮುಚ್ಚಿ ತೆರೆಯಿರಿ. 2020ರ ಒಂದು ಅಧ್ಯಯನದಲ್ಲಿ ಮಾಲೀಕರು ಹೀಗೆ ಮಾಡಿದಾಗ ಬೆಕ್ಕುಗಳೂ ಹೆಚ್ಚಾಗಿ ಹಾಗೇ ಕಣ್ಣು ಮಿಟುಕಿಸಿದವು.

ಕೂಗು ಇದ್ದಕ್ಕಿದ್ದಂತೆ ಜಾಸ್ತಿಯಾದರೆ ಅಥವಾ ದನಿಯೇ ಬದಲಾದರೆ ಮಾತ್ರ ತಡಮಾಡದೆ ಪಶುವೈದ್ಯರಿಗೆ ತೋರಿಸಿ.