ಅಪ್ಪ-ಅಮ್ಮನ ಜೊತೆ ದೆಹಲಿಗೆ ಹೋಗ್ತಿದ್ದೇವೆ, ಗೈಡ್ ಇರುವ ನಡಿಗೆ ಪ್ರವಾಸ ತೆಗೆದುಕೊಳ್ಳಬಹುದಾ?

ನೀವು ಬರೆದದ್ದು ಇಷ್ಟು: ಡಿಸೆಂಬರ್ ಕೊನೆಯ ವಾರ ಉಡುಪಿಯಿಂದ ಮಂಗಳಾ ಎಕ್ಸ್‌ಪ್ರೆಸ್ ಹತ್ತುತ್ತೀರಿ, ಜೊತೆಗೆ ಅರವತ್ತು ದಾಟಿದ ಅಪ್ಪ-ಅಮ್ಮ, ದೆಹಲಿಯಲ್ಲಿ ಮೂರು ದಿನ, ಹಿಂದಿ ಅಷ್ಟಕ್ಕಷ್ಟೆ. ಯಾರೋ ಒಬ್ಬರು ಹಳೆ ದೆಹಲಿ, ಹೊಸ ದೆಹಲಿ ಎರಡನ್ನೂ ಒಂದೇ ದಿನದಲ್ಲಿ ನಡೆಸಿಯೇ ತೋರಿಸ್ತೇವೆ ಅಂದಿದ್ದಾರೆ. ಒಪ್ಪಬಹುದಾ ಅಂತ ನಿಮ್ಮ ಪ್ರಶ್ನೆ.

ಒಪ್ಪಬೇಡಿ. ಹಳೆ ದೆಹಲಿಗೆ ಗೈಡ್ ಬೇಕೇ ಬೇಕು, ಅದಕ್ಕೆ ಒಂದು ಪೂರ್ತಿ ಬೆಳಿಗ್ಗೆ ಕೊಡಿ. ಹೊಸ ದೆಹಲಿಯ ಇಂಡಿಯಾ ಗೇಟ್, ಕರ್ತವ್ಯ ಪಥವನ್ನು ಇನ್ನೊಂದು ದಿನ ನೀವೇ ನೋಡಿಕೊಳ್ಳಬಹುದು. ಎರಡೂ ನಗರದ ಅಳತೆಯೇ ಬೇರೆ. ಷಹಜಹಾನ್ ಕಟ್ಟಿಸಿದ ನಗರ ಕಾಲ್ನಡಿಗೆ ಮತ್ತು ಪಲ್ಲಕ್ಕಿಯ ಕಾಲದ್ದು. ಕೆಂಪುಕೋಟೆಯ ಲಾಹೋರಿ ಗೇಟಿನಿಂದ ಫತೇಪುರಿ ಮಸೀದಿಯವರೆಗೆ ಇಡೀ ಚಾಂದನಿ ಚೌಕ ಸುಮಾರು 1.3 ಕಿ.ಮೀ., ನಮ್ಮ ಹಂಪನಕಟ್ಟೆಯಿಂದ ಬಂದರಿಗೆ ನಡೆದಷ್ಟೇ ಅಂತ ಲೆಕ್ಕ ಹಾಕಿ. ಹೊಸ ದೆಹಲಿ ಮೆರವಣಿಗೆಗೆಂದು ಕಟ್ಟಿದ್ದು. ಇಂಡಿಯಾ ಗೇಟಿನಿಂದ ರಾಷ್ಟ್ರಪತಿ ಭವನದವರೆಗೆ ನೇರ ರಸ್ತೆ, ಹೆಚ್ಚುಕಡಿಮೆ 3 ಕಿ.ಮೀ. ಬೆಳಿಗ್ಗೆ ಗಲ್ಲಿ ಸುತ್ತಿ ಸೋತ ಕಾಲಲ್ಲಿ ಮಧ್ಯಾಹ್ನ ಆ ರಸ್ತೆಗಿಳಿದರೆ ಅರ್ಧಕ್ಕೇ ಕೂರಬೇಕಾಗ್ತದೆ.

ಮೊದಲು ದಿನ ಆರಿಸಿಕೊಳ್ಳಿ, ಹೆಚ್ಚಿನವರು ಎಡವುವುದು ಇಲ್ಲೇ. ಸೋಮವಾರ ಕೆಂಪುಕೋಟೆ ಬಂದ್. ಶುಕ್ರವಾರ ಮಧ್ಯಾಹ್ನದ ನಮಾಜಿನ ಹೊತ್ತಿಗೆ ಜಾಮಾ ಮಸೀದಿಯೊಳಗೆ ಪ್ರವಾಸಿಗರನ್ನು ಬಿಡುವುದಿಲ್ಲ. ಉಳಿದ ದಿನಗಳಲ್ಲೂ ನಮಾಜಿನ ಸಮಯದಲ್ಲಿ ಹೊರಗೆ ಕಾಯಬೇಕು. ಭಾನುವಾರ ಚಾಂದನಿ ಚೌಕದ ಅಂಗಡಿಗಳು, ಖಾರಿ ಬಾವಲಿಯ ಮಸಾಲೆ ಸಾಮಾನಿನ ಸಗಟು ಮಾರುಕಟ್ಟೆ ಬಹುಪಾಲು ಮುಚ್ಚಿರ್ತವೆ. ಹಾಗಾದರೆ ಮಂಗಳ, ಬುಧ, ಗುರು, ಶನಿ ಉಳಿಯಿತು. ಆದರೆ ಮಂಡಿನೋವಿನ ಹಿರಿಯರಿದ್ದರೆ, ಸಾಮಾನು ಕೊಳ್ಳುವ ಆಸೆ ಇಲ್ಲದಿದ್ದರೆ, ನಾನು ಭಾನುವಾರ ಬೆಳಿಗ್ಗೆಯನ್ನೇ ಹೇಳುತ್ತೇನೆ. ಗಲ್ಲಿ ಖಾಲಿ ಇರ್ತದೆ, ತಲೆ ಎತ್ತಿ ಹಳೆಯ ಹವೇಲಿಗಳ ಬಾಲ್ಕನಿ, ಕೆತ್ತಿದ ಬಾಗಿಲು ನೋಡಲಿಕ್ಕೆ ಆಗ್ತದೆ. ವಾರದ ದಿನ ಅದೇ ಗಲ್ಲಿಯಲ್ಲಿ ತಲೆ ಎತ್ತಿದರೆ ತಳ್ಳುಗಾಡಿ ಬಂದು ಕಾಲಿಗೆ ಬಡಿಯುತ್ತದೆ.

ರೈಲು ಇಳಿಯುವ ದಿನಕ್ಕೆ ಏನನ್ನೂ ಬುಕ್ ಮಾಡಬೇಡಿ. ಡಿಸೆಂಬರ್ ಕೊನೆಯಿಂದ ಜನವರಿ ಮಧ್ಯದವರೆಗೆ ಉತ್ತರದಲ್ಲಿ ಮಂಜು ದಟ್ಟವಾಗಿರುವಾಗ ರೈಲುಗಳು ಗಂಟೆಗಟ್ಟಲೆ ತಡವಾಗುವುದು ಮಾಮೂಲು. ಅದೇ ಕಾರಣಕ್ಕೆ ಬೆಳಿಗ್ಗೆ 7ಕ್ಕೆ ಶುರು ಮಾಡುವ ನಡಿಗೆಯೂ ಈ ದಿನಗಳಲ್ಲಿ ಬೇಡ. ಮಸೀದಿಯ ಮಿನಾರು ಬುಡದಲ್ಲಿ ನಿಂತರೂ ಕಾಣದ ದಿನಗಳಿರ್ತವೆ. ಒಂಬತ್ತು ಅಥವಾ ಒಂಬತ್ತೂವರೆಗೆ ಶುರು ಮಾಡಿ.

ಇನ್ನು ಗೈಡ್ ಗೊತ್ತುಮಾಡುವ ವಿಷಯ. ಹಣ ಕಳಿಸುವ ಮೊದಲು ಫೋನ್ ಮಾಡಿ ಮಾತಾಡಿ. ಪ್ರವಾಸೋದ್ಯಮ ಇಲಾಖೆಯ ಗುರುತುಚೀಟಿ ಉಂಟಾ ಅಂತ ಕೇಳಿ, ಇದ್ದವರು ಫೋಟೋ ಕಳಿಸಲು ಹಿಂಜರಿಯುವುದಿಲ್ಲ. ಗುಂಪಿನಲ್ಲಿ ಎಷ್ಟು ಜನ ಅಂತ ಕೇಳಿ. ಹಳೆ ದೆಹಲಿಯ ಕಿನಾರಿ ಬಜಾರಿನ ಗಲ್ಲಿಯಲ್ಲಿ ಇಬ್ಬರು ಅಕ್ಕಪಕ್ಕ ನಡೆಯುವುದೇ ಕಷ್ಟ. ಗುಂಪು ಹನ್ನೆರಡು ದಾಟಿದರೆ ಸಾಲು ಉದ್ದವಾಗಿ, ಹಿಂದೆ ಉಳಿಯುವ ನಿಮ್ಮ ಅಪ್ಪ-ಅಮ್ಮನಿಗೆ ಗೈಡ್ ಹೇಳಿದ ಒಂದು ಮಾತೂ ಕೇಳುವುದಿಲ್ಲ. ಕಿವಿಗೆ ಹಾಕುವ ಸಣ್ಣ ರೇಡಿಯೋ ಕೊಡ್ತಾರಾದರೆ ಸ್ವಲ್ಪ ದೊಡ್ಡ ಗುಂಪೂ ಆದೀತು. ಭಾಷೆಯ ಬಗ್ಗೆ ಹೇಳುವುದಾದರೆ, ಕನ್ನಡ ಬಲ್ಲ ಗೈಡ್ ಸಿಗುವುದು ಅಪರೂಪ. ನಿಧಾನವಾಗಿ ಇಂಗ್ಲಿಷ್ ಮಾತಾಡುವವರನ್ನು ಹಿಡಿಯಿರಿ, ಪ್ರತಿ ಜಾಗದಲ್ಲೂ ಎರಡು ನಿಮಿಷ ನಿಲ್ಲಿಸಲು ಹೇಳಿ, ನೀವು ಅಮ್ಮನಿಗೆ ಕನ್ನಡದಲ್ಲಿ ದಾಟಿಸಿ. ಇದನ್ನು ಮೊದಲೇ ಹೇಳಿದರೆ ಒಳ್ಳೆಯ ಗೈಡ್ ಬೇಸರಿಸುವುದಿಲ್ಲ, ಎರಡು ಜಾಗ ಕಡಿಮೆ ಮಾಡಿ ಸಮಯ ಹೊಂದಿಸ್ತಾರೆ.

ಕೇಳಲೇಬೇಕಾದ ಇನ್ನೊಂದು ಉಂಟು: "ದಾರಿಯಲ್ಲಿ ಅಂಗಡಿಗೆ ಕರೆದುಕೊಂಡು ಹೋಗ್ತೀರಾ?" ಶುಲ್ಕ ತೀರಾ ಕಡಿಮೆ ಅಥವಾ ಪುಕ್ಕಟೆ ಅಂದಲ್ಲಿ ಆ ಕೊರತೆ ಎಲ್ಲಿಂದಾದರೂ ತುಂಬಲೇಬೇಕಲ್ಲ. ಕೆಲವು ನಡಿಗೆಗಳು ಕೊನೆಗೆ ಕೊಡುವ ಇನಾಮಿನಿಂದ ನಡೆಯುತ್ತವೆ, ಅದರಲ್ಲಿ ತಪ್ಪಿಲ್ಲ, ಎಷ್ಟು ನಿರೀಕ್ಷೆ ಅಂತ ಮೊದಲೇ ತಿಳಿದಿರಲಿ. ಶಾಲು ಅಥವಾ ಕಾರ್ಪೆಟ್ ಅಂಗಡಿಯ ಕಮಿಷನ್ನಿನಿಂದ ನಡೆಯುವಂಥದ್ದು ಮಾತ್ರ ಬೇಡ. ಮೂರು ಗಂಟೆಯ ನಡಿಗೆಯಲ್ಲಿ ಮುಕ್ಕಾಲು ಗಂಟೆ ನೀವು ಅಂಗಡಿಯ ಗಾದಿಯ ಮೇಲೆ ಕೂತಿರ್ತೀರಿ. ಪಾರಂಪರಿಕ ಕಟ್ಟಡಗಳ ರಕ್ಷಣೆಗೆ ದುಡಿಯುವ ಇಂಟ್ಯಾಕ್ ಸಂಸ್ಥೆಯ ದೆಹಲಿ ಶಾಖೆ ವಾರಾಂತ್ಯದಲ್ಲಿ ನಡಿಗೆಗಳನ್ನು ಏರ್ಪಡಿಸ್ತದೆ. ನಿಮ್ಮ ದಿನಾಂಕಕ್ಕೆ ಇದ್ದರೆ ಮೊದಲು ಅದನ್ನೇ ನೋಡಿ.

ಸೇರುವ ಜಾಗವನ್ನು "ಜಾಮಾ ಮಸೀದಿ ಹತ್ತಿರ" ಅಂತ ಒಪ್ಪಿಕೊಳ್ಳಬೇಡಿ. ಮಸೀದಿಗೆ ಮೂರು ದಿಕ್ಕಿಗೆ ಮೂರು ಬಾಗಿಲು, ಒಂದರಿಂದ ಇನ್ನೊಂದಕ್ಕೆ ಗಲಾಟೆಯ ಬೀದಿ ಸುತ್ತಿ ಹೋಗಬೇಕು. ಮೆಟ್ರೋ ನಿಲ್ದಾಣದ ಹೆಸರು ಮತ್ತು ಗೇಟ್ ನಂಬರ್ ಬರೆಸಿಕೊಳ್ಳಿ. ಜಾಮಾ ಮಸೀದಿ ಮತ್ತು ಲಾಲ್ ಕಿಲಾ (ಅಂದರೆ ಕೆಂಪುಕೋಟೆ) ನಿಲ್ದಾಣಗಳು ನೇರಳೆ ಮಾರ್ಗದಲ್ಲಿ, ಚಾಂದನಿ ಚೌಕ ಹಳದಿ ಮಾರ್ಗದಲ್ಲಿ. ನಿಲ್ದಾಣದಲ್ಲೇ ಶೌಚಾಲಯಕ್ಕೆ ಹೋಗಿ ಬನ್ನಿ. ಗಲ್ಲಿಗಳೊಳಗೆ, ಅದರಲ್ಲೂ ಹೆಂಗಸರಿಗೆ, ಮುಂದಿನ ಎರಡು ಗಂಟೆ ನಂಬುವಂಥದ್ದು ಸಿಗುವುದು ಕಷ್ಟ.

ದಾರಿಯ ಬಗ್ಗೆ ನನ್ನ ಸಲಹೆ: ಜಾಮಾ ಮಸೀದಿಯಿಂದ ಶುರು ಮಾಡಿ, ಬೆಳ್ಳಿ ಒಡವೆ ಅಂಗಡಿಗಳ ಬೀದಿ ದರೀಬಾ ಕಲಾಂ, ಕಿನಾರಿ ಬಜಾರ್, ಶೀಶ್‌ಗಂಜ್ ಗುರುದ್ವಾರ, ಕೊನೆಗೆ ಕೋಟೆಯೆದುರಿನ ಜೈನ ಲಾಲ್ ಮಂದಿರ. ಅಡ್ಡದಾರಿ ಎಲ್ಲ ಸೇರಿದರೂ ಮೂರು ಕಿ.ಮೀ. ಒಳಗೆ ಮುಗಿಯುತ್ತದೆ, ಸಮಯ ಮೂರು ಗಂಟೆ ಬೇಕು. ಹತ್ತುವ ಕಷ್ಟದ ಜಾಗ ಮೊದಲೇ ಮುಗಿಯಲಿ ಅಂತ ಈ ಕ್ರಮ. 1656ರಲ್ಲಿ ಮುಗಿದ ಈ ಮಸೀದಿ ಎತ್ತರದ ಜಗತಿಯ ಮೇಲಿದೆ, ಯಾವ ಬಾಗಿಲಿನಿಂದ ಹೋದರೂ ಮೂವತ್ತಕ್ಕೂ ಹೆಚ್ಚು ಮೆಟ್ಟಿಲು. ಮಂಡಿ ತಾಜಾ ಇರುವಾಗ ಹತ್ತಿಬಿಡಬೇಕು. ಅಂಗಳದಲ್ಲಿ ಇಪ್ಪತ್ತೈದು ಸಾವಿರ ಜನ ಒಟ್ಟಿಗೆ ನಮಾಜು ಮಾಡಬಹುದು. ಪೂರ್ವದ ಬಾಗಿಲ ಬಳಿ ಒಂದಷ್ಟು ಹೊತ್ತು ನಿಲ್ಲಿ, ಎದುರಿಗೆ ಕೆಂಪುಕೋಟೆ ಕಾಣ್ತದೆ. ಅರಮನೆ ಮತ್ತು ಮಸೀದಿ ಒಂದನ್ನೊಂದು ನೋಡುವ ಹಾಗೆ ನಗರ ಹಾಕಿದ್ದು ಅಲ್ಲಿ ಒಂದೇ ನೋಟಕ್ಕೆ ತಿಳಿಯುತ್ತದೆ. ಸುಮಾರು 40 ಮೀಟರಿನ ಮಿನಾರು ಹತ್ತಲು ಬೇರೆ ಟಿಕೆಟ್, ಒಳಗಿನ ಸುರುಳಿ ಮೆಟ್ಟಿಲು ಇಕ್ಕಟ್ಟು. ಹಿರಿಯರಿಗೆ ಬೇಡ.

ಒಂದೇ ನಡಿಗೆಯಲ್ಲಿ ಮೂರು ಕಡೆ ಚಪ್ಪಲಿ ಬಿಡಬೇಕು. ಲೇಸ್ ಕಟ್ಟುವ ಬೂಟು ಹಾಕಿದರೆ ಬಗ್ಗಿ ಏಳುವುದೇ ಕೆಲಸ. ಕೈ ಹಚ್ಚದೆ ಕಳಚುವ, ಅಡಿಭಾಗ ದಪ್ಪ ಇರುವ ಶೂ ಸಾಕು. ಒಂದು ಜೊತೆ ದಪ್ಪ ಕಾಲುಚೀಲ ಇರಲಿ, ಡಿಸೆಂಬರ್ ಬೆಳಿಗ್ಗೆ ಆ ಕಲ್ಲಿನ ನೆಲ ಕೊರೆಯುತ್ತದೆ. ಮೇ ತಿಂಗಳಿಗೆ ಹೋಗುವವರಿಗೂ ಅದೇ ಕಾಲುಚೀಲ ಬೇಕು, ಆಗ ಸುಡುತ್ತದೆ. ಲಾಲ್ ಮಂದಿರದೊಳಗೆ ಚರ್ಮದ ವಸ್ತು ನಿಷಿದ್ಧ, ಬೆಲ್ಟು ಪರ್ಸು ಎಲ್ಲ ಸೇರಿ. ಆ ದಿನ ಬಟ್ಟೆಯ ಪರ್ಸು ಹಿಡಿದುಕೊಂಡರೆ ಬಾಗಿಲಲ್ಲಿ ಒಬ್ಬರು ಕಾವಲು ಕೂರುವುದು ತಪ್ಪುತ್ತದೆ. ಗುರುದ್ವಾರದಲ್ಲಿ ಗಂಡಸರೂ ತಲೆ ಮುಚ್ಚಬೇಕು, ಅಲ್ಲೇ ಬಟ್ಟೆ ಕೊಡ್ತಾರೆ. 1675ರಲ್ಲಿ ಗುರು ತೇಗ್ ಬಹಾದೂರರ ಶಿರಚ್ಛೇದವಾದ ಜಾಗ ಅದು. ಗೈಡ್ ಅಲ್ಲಿ ಧ್ವನಿ ತಗ್ಗಿಸಿ ಮಾತಾಡ್ತಾರಾ ನೋಡಿ, ಅವರು ಎಂಥವರು ಅಂತ ಅಲ್ಲೇ ಗೊತ್ತಾಗ್ತದೆ.

ಕಿನಾರಿ ಬಜಾರಿನ ಒಳಗೆ ನೌಘರಾ ಅಂತ ಒಂದು ಪುಟ್ಟ ಗಲ್ಲಿ ಉಂಟು. ಒಂಬತ್ತು ಮನೆ, ಬಣ್ಣದ ಬಾಗಿಲುಗಳು, ತುದಿಯಲ್ಲಿ ಶ್ವೇತಾಂಬರ ಜೈನ ದೇವಸ್ಥಾನ. ಅವಸರದ ನಡಿಗೆಗಳು ಇದನ್ನು ಬಿಟ್ಟುಬಿಡ್ತವೆ, ನೀವು ಕೇಳಿ ಹಾಕಿಸಿಕೊಳ್ಳಿ. ಲಾಲ್ ಮಂದಿರ ದಿಗಂಬರರದ್ದು, ಅಂದರೆ ನಮ್ಮ ಮೂಡುಬಿದಿರೆ, ಕಾರ್ಕಳದ ಬಸದಿಗಳ ಪರಂಪರೆಯದ್ದೇ. ಸಾವಿರ ಕಂಬದ ಬಸದಿ ನೋಡಿದ ಕಣ್ಣಿಗೆ ಇದು ಪೂರಾ ಬೇರೆಯಾಗಿ ಕಾಣುವುದು ಒಂದು ಸೊಗಸು. ಅಲ್ಲೇ ಮೇಲೆ ಹಕ್ಕಿಗಳ ಆಸ್ಪತ್ರೆ ಉಂಟು, ಪೆಟ್ಟಾದ ಪಾರಿವಾಳಗಳಿಗೆ ಚಿಕಿತ್ಸೆ ನಡೆಯುತ್ತಿರ್ತದೆ. ನಿಮ್ಮ ಅಮ್ಮನಿಗೆ ಇಡೀ ದಿನದಲ್ಲಿ ನೆನಪುಳಿಯುವ ಜಾಗ ಅದೇ ಆಗಬಹುದು.

ತಿಂಡಿಗೆ ಪರಾಠೆ ವಾಲಿ ಗಲಿ ಹತ್ತಿರವೇ. ಅಲ್ಲಿಯ ಪರಾಠ ಕಾವಲಿಯಲ್ಲಿ ಸುಟ್ಟದ್ದಲ್ಲ, ತುಪ್ಪದಲ್ಲಿ ಮುಳುಗಿಸಿ ಕರಿದದ್ದು. ಒಬ್ಬರಿಗೆ ಒಂದೇ ಹೇಳಿ. ಚಳಿಗಾಲದಲ್ಲಿ ಮಾತ್ರ ಸಿಗುವ ದೌಲತ್ ಕಿ ಚಾಟ್ ಅಂತ ಹಾಲಿನ ನೊರೆಯ ಸಿಹಿ ಬೆಳಗಿನ ಹೊತ್ತು ಬೀದಿಯಲ್ಲಿ ಮಾರ್ತಾರೆ, ನೀವು ಹೋಗುವ ಸಮಯಕ್ಕೆ ಸರಿಯಾಗ್ತದೆ.

ಖಾರಿ ಬಾವಲಿ ಇರುವುದು ಚಾಂದನಿ ಚೌಕ ಬೀದಿಯ ಇನ್ನೊಂದು ತುದಿಯಲ್ಲಿ, ಫತೇಪುರಿ ಮಸೀದಿಯ ಆಚೆ. ಕಾಲಿಗೆ ಶಕ್ತಿ ಉಳಿದಿದ್ದರೆ ಸೈಕಲ್ ರಿಕ್ಷಾದಲ್ಲಿ ಹೋಗಿ. ಹತ್ತುವ ಮೊದಲು ದರ ಒಟ್ಟಿಗೋ ತಲೆಗೋ, ಹೋಗಲಿಕ್ಕೆ ಮಾತ್ರವೋ ಬರಲಿಕ್ಕೂ ಸೇರಿಯೋ ಅಂತ ಬಾಯಿಬಿಟ್ಟು ಕೇಳಿ. ಹಗಲಿನಲ್ಲಿ ಚಾಂದನಿ ಚೌಕ ಬೀದಿಗೆ ಮೋಟಾರು ವಾಹನ ಬಿಡುವುದಿಲ್ಲ. ಖಾರಿ ಬಾವಲಿ ಅಂದರೆ ಮಂಗಳೂರು ಬಂದರಿನ ಸಗಟು ಅಂಗಡಿಗಳನ್ನು ಹತ್ತು ಪಟ್ಟು ಮಾಡಿ ಊಹಿಸಿಕೊಳ್ಳಿ: ಒಣಮೆಣಸು, ಕರಿಮೆಣಸು, ಶುಂಠಿ, ಗೇರುಬೀಜ. ಮೆಣಸಿನ ಗೋಣಿ ಕೊಡವಿದ ಘಾಟಿಗೆ ಗಂಟಲು ಹಿಡಿದು ಎಲ್ಲರೂ ಕೆಮ್ಮುತ್ತಾರೆ, ಒದ್ದೆ ಕರವಸ್ತ್ರ ಕೈಯಲ್ಲಿರಲಿ. ಗೋಣಿ ಹೊತ್ತ ತಳ್ಳುಗಾಡಿಯವರಿಗೆ ತಟ್ಟನೆ ನಿಲ್ಲಿಸಲು ಆಗುವುದಿಲ್ಲ. ಫೋಟೋ ತೆಗೆಯುವುದಿದ್ದರೆ ಅಂಗಡಿಯ ಮೆಟ್ಟಿಲು ಹತ್ತಿ ತೆಗೆಯಿರಿ, ನಡುಬೀದಿಯಲ್ಲಿ ನಿಲ್ಲಬೇಡಿ.

ಕೆಂಪುಕೋಟೆಯನ್ನು ಇದೇ ಬೆಳಿಗ್ಗೆಗೆ ಅಂಟಿಸಬೇಡಿ. ಗೋಡೆಯ ಸುತ್ತಳತೆಯೇ ಸುಮಾರು 2.4 ಕಿ.ಮೀ., ತಪಾಸಣೆಯ ಸಾಲು ಬೇರೆ. ಮರುದಿನ ಬೆಳಿಗ್ಗೆ ಟಿಕೆಟನ್ನು ಆನ್‌ಲೈನಿನಲ್ಲಿ ತೆಗೆದುಕೊಂಡು ಹೋಗಿ. ಒಳಗೆ ಹೋದ ಹೆಚ್ಚಿನವರು "ಇಷ್ಟೆಯಾ?" ಅಂತ ಹೊರಬರ್ತಾರೆ. ಕಾರಣ ಗೊತ್ತಿದ್ದರೆ ಆ ಖಾಲಿ ಜಾಗವೇ ಮಾತಾಡ್ತದೆ. 1739ರಲ್ಲಿ ಇರಾನಿನ ದೊರೆ ನಾದಿರ್ ಷಾ ಮಯೂರ ಸಿಂಹಾಸನ ಒಯ್ದ. 1857ರ ದಂಗೆ ಅಡಗಿದ ಮೇಲೆ ಬ್ರಿಟಿಷರು ಒಳಗಿನ ಅರಮನೆಗಳಲ್ಲಿ ಬಹುಪಾಲು ಕೆಡವಿ ಸೈನಿಕರ ಬ್ಯಾರಕ್ ಕಟ್ಟಿದರು. ನೀವು ನೋಡುವ ಹುಲ್ಲುಹಾಸಿನ ಜಾಗದಲ್ಲೆಲ್ಲ ಒಂದು ಕಾಲದಲ್ಲಿ ಕಟ್ಟಡ, ತೋಟ ಇದ್ದವು. ಬಾದಶಹನ ಖಾಸಗಿ ದರ್ಬಾರಿನ ಮಂಟಪ ದಿವಾನ್-ಇ-ಖಾಸ್ ನಡುವೆ ಸಾಗುವ ಒಣಗಿದ ಕಾಲುವೆ ತಪ್ಪದೆ ನೋಡಿ, ಯಮುನೆಯ ನೀರು ಮಂಟಪದಿಂದ ಮಂಟಪಕ್ಕೆ ಅದರಲ್ಲೇ ಹರಿಯುತ್ತಿತ್ತು. ನೇತಾಜಿಯವರ ಆಜಾದ್ ಹಿಂದ್ ಫೌಜಿನ ಅಧಿಕಾರಿಗಳ ವಿಚಾರಣೆ 1945ರಲ್ಲಿ ನಡೆದದ್ದೂ ಈ ಕೋಟೆಯಲ್ಲೇ.

ಹೊಸ ದೆಹಲಿಗೆ ಸಂಜೆ ಸಾಕು. ಸೆಂಟ್ರಲ್ ಸೆಕ್ರೆಟೇರಿಯಟ್ ಮೆಟ್ರೋದಲ್ಲಿ ಇಳಿದು ಮೊದಲು ವಿಜಯ ಚೌಕಕ್ಕೆ ಹೋಗಿ. ಅಲ್ಲಿ ನಿಂತು ರಾಷ್ಟ್ರಪತಿ ಭವನದ ಕಡೆ ನೋಡಿದರೆ ಕಟ್ಟಡ ಏರಿನ ಹಿಂದೆ ಮುಳುಗಿ ಗುಮ್ಮಟ ಮಾತ್ರ ಉಳಿಯುತ್ತದೆ. ದೂರ ಸರಿದರೆ ಮತ್ತೆ ಏಳುತ್ತದೆ. ಭವನದ ವಾಸ್ತುಶಿಲ್ಪಿ ಲುಟ್ಯೆನ್ಸ್ ಮತ್ತು ಎರಡು ಸಚಿವಾಲಯ ಕಟ್ಟಿದ ಬೇಕರ್ ನಡುವೆ ದೊಡ್ಡ ಜಗಳವಾದದ್ದು ಈ ಏರಿನ ವಿಷಯಕ್ಕೇ. ಕಾರಿನಲ್ಲಿ ಹೋದವರಿಗೆ ಇದು ತಿಳಿಯುವುದೇ ಇಲ್ಲ. ಭವನದ ಒಳಗೆ ಹೋಗಬೇಕಾದರೆ ಅಧಿಕೃತ ಜಾಲತಾಣದಲ್ಲಿ ಮೊದಲೇ ಕಾಯ್ದಿರಿಸಿ, ಎಲ್ಲರ ಮೂಲ ಗುರುತುಪತ್ರ ಹಿಡಿದಿರಿ. ಒಳಗೆ ಅವರದ್ದೇ ಮಾರ್ಗದರ್ಶಕರು ಇರ್ತಾರೆ.

ಅಲ್ಲಿಂದ ಇಂಡಿಯಾ ಗೇಟಿಗೆ ಅಪ್ಪ-ಅಮ್ಮನಿಗೆ ಆಟೋ ಮಾಡಿ. 42 ಮೀಟರಿನ ಗೇಟಿನ ಹಿಂದಿನ ಮಂಟಪದಲ್ಲಿ ನೇತಾಜಿಯವರ ಕಪ್ಪು ಗ್ರಾನೈಟಿನ ಪ್ರತಿಮೆ ಉಂಟು, 28 ಅಡಿ, ಕೆತ್ತಿದ್ದು ಮೈಸೂರಿನ ಅರುಣ್ ಯೋಗಿರಾಜ್. ಅದರಾಚೆ 2019ರಲ್ಲಿ ತೆರೆದ ರಾಷ್ಟ್ರೀಯ ಯುದ್ಧ ಸ್ಮಾರಕ, ಪ್ರವೇಶ ಉಚಿತ. ಗ್ರಾನೈಟಿನ ಗೋಡೆಗಳಲ್ಲಿ ಇಪ್ಪತ್ತೈದು ಸಾವಿರಕ್ಕೂ ಹೆಚ್ಚು ಸೈನಿಕರ ಹೆಸರು ಕೊರೆದಿದ್ದಾರೆ. ಕತ್ತಲಾಗುವ ಮೊದಲು ತಲುಪಿ, ಓದಲಿಕ್ಕೆ ಸಮಯ ಬೇಕು. ನಿಮ್ಮ ಪ್ರವಾಸ ಜನವರಿ ಮಧ್ಯಕ್ಕೆ ಮುಂದೆ ಹೋದರೆ ಗಣರಾಜ್ಯೋತ್ಸವದ ತಾಲೀಮಿಗೆ ಕರ್ತವ್ಯ ಪಥವನ್ನು ಆಗಾಗ ಮುಚ್ಚುತ್ತಾರೆ ಅನ್ನುವುದು ನೆನಪಿರಲಿ.

ಇನ್ನು ಮೈಯ ವಿಷಯ. ಕರಾವಳಿಯ ಒದ್ದೆ ಗಾಳಿಗೆ ಒಗ್ಗಿದ ಚರ್ಮ ಅಲ್ಲಿ ಎರಡೇ ದಿನಕ್ಕೆ ಬಿರಿಯುತ್ತದೆ, ತೆಂಗಿನೆಣ್ಣೆ ಚಳಿಗೆ ಗಟ್ಟಿಯಾಗ್ತದೆ, ವ್ಯಾಸಲೀನ್ ಹಿಡಿದುಕೊಳ್ಳಿ. ಬೆವರು ಬಾರದ ಕಾರಣ ಬಾಯಾರಿಕೆ ತಿಳಿಯುವುದಿಲ್ಲ, ಗಂಟೆಗೊಮ್ಮೆ ನೆನಪಿಸಿ ನೀರು ಕುಡಿಸಿ. ಒಂದೇ ದಪ್ಪ ಸ್ವೆಟರಿಗಿಂತ ಎರಡು ತೆಳ್ಳಗಿನದ್ದು ಒಳ್ಳೆಯದು, ಬಿಸಿಲೇರಿದಾಗ ಒಂದನ್ನು ತೆಗೆಯಬಹುದು. ಆ ತಿಂಗಳು ಗಾಳಿ ಕೆಟ್ಟಿರ್ತದೆ, ಎನ್-95 ಮಾಸ್ಕ್ ಬೇಕು. ಅಪ್ಪನಿಗೋ ಅಮ್ಮನಿಗೋ ಅಸ್ತಮಾ ಇದ್ದರೆ ಪ್ರವಾಸವನ್ನೇ ಫೆಬ್ರವರಿ ಕೊನೆಗೆ ಹಾಕಿ ಅಂತ ನಾನು ಖಡಾಖಂಡಿತ ಹೇಳ್ತೇನೆ.

ಮಂಗಳಾ ನಿಲ್ಲುವುದು ಹಜರತ್ ನಿಜಾಮುದ್ದೀನಿನಲ್ಲಿ. ಹತ್ತಿರದ ಸರಾಯ್ ಕಾಲೇ ಖಾನ್ ಮೆಟ್ರೋ ಗುಲಾಬಿ ಮಾರ್ಗದ್ದು, ಲಾಜಪತ್ ನಗರದಲ್ಲಿ ನೇರಳೆ ಮಾರ್ಗಕ್ಕೆ ಬದಲಿಸಿದರೆ ಜಾಮಾ ಮಸೀದಿಗೆ ನೇರ. ಮೆಟ್ರೋದಲ್ಲಿ ಒಬ್ಬರಿಗೆ 25 ಕೆ.ಜಿ.ವರೆಗೆ ಮಾತ್ರ ಸಾಮಾನು. ಊರಿಂದ ಬರುವಾಗ ಹಪ್ಪಳ, ಹಲಸಿನ ಚಿಪ್ಸ್ ಅಂತ ತುಂಬಿಸಿಕೊಂಡ ದೊಡ್ಡ ಪೆಟ್ಟಿಗೆ ಇದ್ದರೆ ಆ ದಿನ ಟ್ಯಾಕ್ಸಿಯೇ ಮಾಡಿ.