ಅಪ್ಪ ಊಟ ಬಿಟ್ಟು ಏಳುವುದು ಸಿಟ್ಟಿಗಲ್ಲ

ಇರಾನಿನಿಂದ ಬಂದ ನಿಮ್ಮ ಪತ್ರ ಓದಿದ ಮೇಲೆ ಎರಡು ದಿನ ಬೇರೆ ಪತ್ರ ಮುಟ್ಟಲಿಲ್ಲ. ನಿಮ್ಮ ಅಪ್ಪ ಇರಾನ್-ಇರಾಕ್ ಯುದ್ಧದಲ್ಲಿ, 1986ರಲ್ಲಿ, ಇರಾಕಿನ ಫಾವ್ ಎಂಬ ಬಂದರಿನಲ್ಲಿ ಇರಾಕ್ ಸೇನೆಯ ಮಸ್ಟರ್ಡ್ ಗ್ಯಾಸ್ ಎಂಬ ರಾಸಾಯನಿಕ ಅಸ್ತ್ರಕ್ಕೆ ಸಿಕ್ಕವರು. ಆಗ ಇಪ್ಪತ್ತು ವರ್ಷ. ಈಗಲೂ ರಾತ್ರಿಯಿಡೀ ಕೆಮ್ಮು. ಎಷ್ಟೇ ಚಳಿಯಿದ್ದರೂ ಕಿಟಕಿ ತೆರೆದೇ ಮಲಗಬೇಕು. "ಯುದ್ಧ 1988ಕ್ಕೇ ಮುಗೀತು, ಇನ್ನಾದರೂ ಮರೆತುಬಿಡಿ" ಅನ್ನುತ್ತಾನೆ ನಿಮ್ಮ ಅಣ್ಣ. ಅಪ್ಪನನ್ನು ಸಮಾಧಾನ ಮಾಡುವುದು ಹೇಗೆ ಅಂತ ಕೇಳಿದ್ದೀರಿ.

ಪತ್ರದ ಕೊನೆಗೆ, ಸುಮ್ನೆ ದೂರು ಹೇಳುವ ಹಾಗೆ, ಒಂದು ಸಾಲು ಬರೆದಿದ್ದೀರಿ. ಬೆಳ್ಳುಳ್ಳಿ ಹುರಿದ ದಿನ ಅಪ್ಪ ಊಟ ಬಿಟ್ಟು ಹೊರಗೆ ಹೋಗುತ್ತಾರೆ, ಅಮ್ಮನಿಗೆ ಬೇಜಾರು, ಅಂತ. ನನಗೆ ಕಂಡಿದ್ದು ಅದೊಂದೇ ಸಾಲು.

ಆ ಗ್ಯಾಸ್‌ಗೆ ಸಿಕ್ಕ ಎಷ್ಟೋ ಸೈನಿಕರು ಹೇಳಿದ್ದು ಬೆಳ್ಳುಳ್ಳಿಯಂಥ ವಾಸನೆ ಬಂತು ಎಂದೇ. ಆಗ ನೋವೂ ಇಲ್ಲ, ಉರಿಯೂ ಇಲ್ಲ. ಕೆಲವು ಗಂಟೆ ಕಳೆಯಬೇಕು. ಆಮೇಲೆ ಕಣ್ಣು ಉರಿದು ಮುಚ್ಚಿಕೊಳ್ಳುತ್ತದೆ, ಮೈ ಮೇಲೆ ಬೊಬ್ಬೆ ಏಳುತ್ತದೆ, ಉಸಿರು ಕಟ್ಟುತ್ತದೆ. ಗುಂಡು ತಗುಲಿದವನಿಗೆ ಸಾಮಾನ್ಯವಾಗಿ ಆಗಲೇ ಗೊತ್ತಾಗುತ್ತದೆ. ಇಲ್ಲಿ, ಏನೂ ಆಗಿಲ್ಲ ಎಂದುಕೊಂಡ ಹೊತ್ತಿಗೇ ಎಲ್ಲ ಆಗಿಹೋಗಿರುತ್ತದೆ. ಇದನ್ನು ಇಪ್ಪತ್ತನೇ ವಯಸ್ಸಿಗೆ ಕಲಿತ ಮೈ ನೆಮ್ಮದಿಯನ್ನು ಹೇಗೆ ನಂಬುತ್ತದೆ? ವಾಸನೆ ಬಂತು, ಕಾಲು ಬಾಗಿಲ ಕಡೆ ಹೊರಟಿತು. ಕಿಟಕಿಯ ಕಥೆಯೂ ಇದೇ ಇರಬೇಕು. ನಾನು ಡಾಕ್ಟರಲ್ಲ, ಆದರೆ ಡಾಕ್ಟರು ಇದಕ್ಕೆ ಪಿಟಿಎಸ್‌ಡಿ (ಘೋರ ಅನುಭವ ಮನಸ್ಸಿನಲ್ಲಿ ಉಳಿಸಿಹೋಗುವ ಕಾಯಿಲೆ) ಅಂದರೆ ನನಗೆ ಆಶ್ಚರ್ಯವಿಲ್ಲ.

ಅಮ್ಮ ಪಾಪ, ಅವರಿಗೆ ಯಾರೂ ಹೇಳಿಲ್ಲ. ನಿಮ್ಮ ಅಣ್ಣನ ಮೇಲೆ ಮಾತ್ರ ನನಗೆ ಕನಿಕರವಿಲ್ಲ. "ಮರೆತುಬಿಡಿ" ಅನ್ನುವುದು ಕೇಳಿಸಿಕೊಳ್ಳುವವನ ಸೋಮಾರಿತನ ಎಂದು ಈ ಅಂಕಣದಲ್ಲಿ ಎಷ್ಟು ಸಲ ಬರೆದಿದ್ದೇನೋ! 1988ರಲ್ಲಿ ಕದನವಿರಾಮ ಆಯಿತು, ಸರಿ. ಅದನ್ನು ಶ್ವಾಸಕೋಶಕ್ಕೆ ಯಾರು ತಿಳಿಸಿದರು? ಕೆಮ್ಮಿದಾಗಲೆಲ್ಲ ಎದೆಯೇ ನೆನಪು ಮಾಡುತ್ತದೆ ಅಲ್ವಾ.

ಮನೆಯಿಂದ ಬೆಳ್ಳುಳ್ಳಿ ಓಡಿಸಿ ಅಂತ ನಾನು ಹೇಳುವುದಿಲ್ಲ. ಇವತ್ತು ಬೆಳ್ಳುಳ್ಳಿ, ನಾಳೆ ಇನ್ನೊಂದು, ಅದಕ್ಕೆ ಕೊನೆಯಿಲ್ಲ. ನೀವು ಮಾಡಬೇಕಾದ್ದು ಒಂದೇ ಕೆಲಸ. ಅಪ್ಪನನ್ನು ಕೇಳಿ, ಅವರು ಒಪ್ಪಿದರೆ, ಮುಂದಿನ ಸಲ ಶ್ವಾಸಕೋಶದ ಡಾಕ್ಟರ ಹತ್ತಿರ ಜೊತೆಗೆ ಹೋಗಿ. ಬೆಳ್ಳುಳ್ಳಿಯ ವಿಷಯ, ಕಿಟಕಿಯ ವಿಷಯ ಎರಡನ್ನೂ ಹೇಳಿ. ಮನೋವೈದ್ಯರಿಗೆ ಚೀಟಿ ಬರೆಸಿಕೊಳ್ಳದೆ ಎದ್ದು ಬರಬೇಡಿ.

ಕಾರು ಓಡಿಸಲು ಬೇಕಾದರೆ ಅಣ್ಣ ಬರಲಿ. ಡಾಕ್ಟರ ಕೋಣೆಯೊಳಗೆ ಬೇಡ.