ಕಾವಸ್ಜಿಯ ಮೂಗು: ಸುಶ್ರುತರಿಗೆ ಸಲ್ಲಬೇಕಾದದ್ದೆಷ್ಟು, ಹೆಸರಿಲ್ಲದವರಿಗೆಷ್ಟು?

ಪ್ರಶ್ನೆ: ನಾನು ಮಂಡ್ಯ ಜಿಲ್ಲೆಯ ಪ್ರೌಢಶಾಲೆಯೊಂದರಲ್ಲಿ ಇತಿಹಾಸ ಪಾಠ ಮಾಡುತ್ತೇನೆ. ಟಿಪ್ಪುವಿನ ಕಾಲದ ಯುದ್ಧದಲ್ಲಿ ಮೂಗು ಕಳೆದುಕೊಂಡ ಒಬ್ಬನಿಗೆ ಹಣೆಯ ಚರ್ಮದಿಂದ ಹೊಸ ಮೂಗು ಮಾಡಲಾಯಿತೆಂದೂ, ಅದನ್ನು ನೋಡಿ ಇಂಗ್ಲಿಷರು ಪ್ಲಾಸ್ಟಿಕ್ ಸರ್ಜರಿ ಕಲಿತರೆಂದೂ, ಆ ವಿಧಾನ ಸುಶ್ರುತ ಸಂಹಿತೆಯಲ್ಲಿ ಹಾಗೆಯೇ ಇದೆಯೆಂದೂ ಓದಿದೆ. ಮಕ್ಕಳಿಗೆ ಹೇಳುವ ಮುನ್ನ ಇದರಲ್ಲಿ ಎಷ್ಟು ನಿಜವೆಂದು ತಿಳಿಸುವಿರಾ?

ಉತ್ತರ: ನೀವು ಓದಿದ್ದರಲ್ಲಿ ಮೊದಲ ಎರಡು ಮಾತುಗಳು ಬಹುಮಟ್ಟಿಗೆ ನಿಜ. ಮೂರನೆಯದು ಹಾಗಲ್ಲ, ಮತ್ತು ಆ ವ್ಯತ್ಯಾಸವನ್ನು ಮಕ್ಕಳಿಗೆ ಹೇಳಲೇಬೇಕೆಂದು ನನ್ನ ಆಗ್ರಹ.

1794ರ ಅಕ್ಟೋಬರ್‌ನಲ್ಲಿ ಲಂಡನ್ನಿನ 'ಜಂಟಲ್‌ಮನ್ಸ್ ಮ್ಯಾಗಜೀನ್' ಎಂಬ ಪತ್ರಿಕೆಯಲ್ಲಿ ಬಿ.ಎಲ್. ಎಂಬ ಸಹಿಯಿದ್ದ ಒಂದು ಪತ್ರ ಅಚ್ಚಾಯಿತು. ಮೂರನೆಯ ಮೈಸೂರು ಯುದ್ಧದ ಕಾಲದಲ್ಲಿ ಇಂಗ್ಲಿಷರ ಸೈನ್ಯದ ಎತ್ತು ಹೊಡೆಯುತ್ತಿದ್ದ ಕಾವಸ್ಜಿ ಎಂಬ ಮರಾಠ ಒಕ್ಕಲಿಗನು ಟಿಪ್ಪುವಿನ ಕಡೆಯವರಿಗೆ ಸೆರೆಸಿಕ್ಕಿ, ಮೂಗನ್ನೂ ಒಂದು ಕೈಯನ್ನೂ ಕತ್ತರಿಸಿಕೊಂಡು, ಅದೇ ಸ್ಥಿತಿಯಲ್ಲಿ ಶ್ರೀರಂಗಪಟ್ಟಣದ ಬಳಿ ಬೀಡುಬಿಟ್ಟಿದ್ದ ಬೊಂಬಾಯಿಯ ದಂಡನ್ನು ಸೇರಿಕೊಂಡನೆಂದು ಪತ್ರ ಹೇಳುತ್ತದೆ. ಒಂದು ವರ್ಷಕ್ಕೂ ಮೇಲೆ ಮೂಗಿಲ್ಲದೆ ಕಳೆದ ಆತನಿಗೆ ಪುಣೆಯ ಹತ್ತಿರ ಇಟ್ಟಿಗೆ ಮಾಡುವ ಜಾತಿಯವರೊಬ್ಬರು ಹೊಸ ಮೂಗು ಕಟ್ಟಿಕೊಟ್ಟರು. ಇಂಥ ಚಿಕಿತ್ಸೆಯನ್ನು ಕಂಪನಿಯ ಇಬ್ಬರು ವೈದ್ಯರು ಕಣ್ಣಾರೆ ಕಂಡಿದ್ದರು. ಕಾವಸ್ಜಿಯ ಚಿತ್ರವನ್ನು ಜೇಮ್ಸ್ ವೇಲ್ಸ್ ಎಂಬ ಕಲಾವಿದ ಬರೆದಿದ್ದ.

ಆ ಪತ್ರದ ವಿವರಣೆಯನ್ನು ನಾನು ಹಲವು ಸಲ ಓದಿದ್ದೇನೆ. ಪ್ರತಿ ಸಲವೂ ಆ ಕೈಯ ಹದಕ್ಕೆ ತಲೆಬಾಗುತ್ತೇನೆ. ಮೊದಲು ಮೇಣದ ತೆಳು ಹಾಳೆಯೊಂದನ್ನು ಮೂಗಿನ ಮೋಟಿನ ಮೇಲಿಟ್ಟು, ನೋಡಲು ಒಪ್ಪುವ ಮೂಗಿನ ಆಕಾರಕ್ಕೆ ತಿದ್ದುತ್ತಾರೆ. ಆಮೇಲೆ ಅದನ್ನು ಚಪ್ಪಟೆ ಮಾಡಿ ಹಣೆಯ ಮೇಲಿರಿಸಿ, ಸುತ್ತ ಗೆರೆ ಎಳೆಯುತ್ತಾರೆ. ಆ ಗೆರೆಯೊಳಗಿನ ಚರ್ಮವನ್ನು ಬಿಡಿಸಿ ಎತ್ತುವಾಗ ಎರಡು ಕಣ್ಣುಗಳ ನಡುವೆ ಒಂದು ಸಣ್ಣ ಪಟ್ಟಿಯನ್ನು ಮಾತ್ರ ಕತ್ತರಿಸದೆ ಉಳಿಸುತ್ತಾರೆ. ಮೋಟಿನ ಹಳೆಯ ಗಾಯದ ಅಂಚನ್ನು ಹೆರೆದು ಹಸಿ ಮಾಡಿ, ಅದರ ಹಿಂದೆಯೇ ಹೊಳ್ಳೆಗಳ ಸುತ್ತಲೂ ಮೇಲ್ದುಟಿಯ ಉದ್ದಕ್ಕೂ ಒಂದು ಸೀಳು ಹಾಕುತ್ತಾರೆ. ಹಣೆಯ ಚರ್ಮವನ್ನು ಅರ್ಧ ಸುತ್ತು ತಿರುಗಿಸಿ ಕೆಳಗಿಳಿಸಿ, ಅದರ ಅಂಚನ್ನು ಆ ಸೀಳಿನೊಳಗೆ ಕೂರಿಸುತ್ತಾರೆ. ಆಮೇಲೆ ಕಾಚನ್ನು, ಅಂದರೆ ನಾವು ವೀಳ್ಯದೆಲೆಯ ಜೊತೆ ಹಾಕಿಕೊಳ್ಳುವ ಅದೇ ಕಾಚನ್ನು, ನೀರಿನಲ್ಲಿ ನೆನೆಸಿ ಬಟ್ಟೆಯ ಪಟ್ಟಿಗಳಿಗೆ ಬಳಿದು, ಐದಾರು ಪದರವಾಗಿ ಬೆಸುಗೆಯ ಮೇಲೆ ಹಚ್ಚುತ್ತಾರೆ. ನಾಲ್ಕು ದಿನ ಅದನ್ನು ಮುಟ್ಟುವುದಿಲ್ಲ. ಅನಂತರ ತುಪ್ಪದಲ್ಲಿ ಅದ್ದಿದ ಬಟ್ಟೆ. ಹತ್ತನೆಯ ದಿನ ಹೊಳ್ಳೆ ಮುಚ್ಚಿಕೊಳ್ಳದಂತೆ ಮೆತ್ತನೆಯ ಬಟ್ಟೆಯ ತುಂಡುಗಳು. ಸುಮಾರು 25ನೆಯ ದಿನ ಕಣ್ಣುಗಳ ನಡುವಿನ ಪಟ್ಟಿಯನ್ನು ಕತ್ತರಿಸಿ ಬಿಡುಗಡೆ.

ಆ ಸಣ್ಣ ಪಟ್ಟಿಯಲ್ಲೇ ಈ ವಿದ್ಯೆಯ ಜೀವವಿದೆ. ಎತ್ತಿದ ಚರ್ಮಕ್ಕೆ ಹೊಸ ಜಾಗದಿಂದ ರಕ್ತನಾಳಗಳು ಬೆಳೆದು ಬರುವವರೆಗೆ ಆ ಪಟ್ಟಿಯ ಮೂಲಕವೇ ರಕ್ತ ಹರಿಯಬೇಕು. ಮೊದಲೇ ಕತ್ತರಿಸಿದರೆ ಚರ್ಮ ಕಪ್ಪಾಗಿ ಸಾಯುತ್ತದೆ. ಕ್ಯಾನ್ಸರ್‌ನಿಂದಲೋ ಅಪಘಾತದಿಂದಲೋ ಮೂಗು ಕಳೆದುಕೊಂಡವರಿಗೆ ನಾವು ಪ್ಲಾಸ್ಟಿಕ್ ಸರ್ಜನ್‌ಗಳು ಇಂದಿಗೂ ಹಣೆಯ ಚರ್ಮವನ್ನೇ ಇಳಿಸುತ್ತೇವೆ, ಸಾಮಾನ್ಯವಾಗಿ ಮೂರು ವಾರಗಳ ಬಳಿಕ ಪಟ್ಟಿಯನ್ನು ಕತ್ತರಿಸುತ್ತೇವೆ. ಮೇಣದ ಬದಲಿಗೆ ಹೊಲಿಗೆ ದಾರದ ಪೊಟ್ಟಣದ ಬೆಳ್ಳಿ ಹಾಳೆಯನ್ನು ಕತ್ತರಿಸಿ ಅಳತೆ ತೆಗೆಯುವುದು ನನ್ನ ರೂಢಿ. ಆ ಹಾಳೆಯನ್ನು ರೋಗಿಯ ಹಣೆಯ ಮೇಲಿಟ್ಟು ಶಾಯಿಯಿಂದ ಗೆರೆ ಎಳೆಯುವಾಗ ಪುಣೆಯ ಆ ಕೈ ನನಗೆ ನೆನಪಾಗದೆ ಇರುವುದಿಲ್ಲ.

ಈಗ ಸುಶ್ರುತರ ಮಾತು. ಅವರ ಹೆಸರಿನ ಪ್ರಾಚೀನ ವೈದ್ಯಗ್ರಂಥವಾದ ಸಂಹಿತೆಯಲ್ಲಿ, ಸೂತ್ರಸ್ಥಾನವೆಂಬ ಮೊದಲ ಭಾಗದ 16ನೆಯ ಅಧ್ಯಾಯವು ಮುಖ್ಯವಾಗಿ ಕಿವಿ ಚುಚ್ಚುವುದನ್ನೂ ಹರಿದ ಕಿವಿಹಾಲೆಯನ್ನು ಕೂಡಿಸುವ 15 ಬಗೆಗಳನ್ನೂ ಕುರಿತದ್ದು. ಅದರ ಕೊನೆಯಲ್ಲಿ ಕೆಲವೇ ಶ್ಲೋಕಗಳಲ್ಲಿ ಮೂಗಿನ ವಿಷಯ ಬರುತ್ತದೆ. ಮೂಗಿನಷ್ಟೇ ಅಳತೆಯ ಮರದ ಎಲೆಯೊಂದನ್ನು ತೆಗೆದುಕೊಂಡು, ಅದೇ ಪ್ರಮಾಣದಲ್ಲಿ ಕೆನ್ನೆಯ ಪಕ್ಕದಿಂದ ಚರ್ಮವನ್ನು ಎಬ್ಬಿಸಿ, ಕೆರೆದು ಹಸಿ ಮಾಡಿದ ಮೂಗಿನ ತುದಿಗೆ ಜೋಡಿಸಬೇಕು. ಉಸಿರಾಟಕ್ಕೆ ಎರಡು ಕೊಳವೆಗಳನ್ನಿರಿಸಿ, ಜ್ಯೇಷ್ಠಮಧು ಮೊದಲಾದವುಗಳ ಪುಡಿ ಉದುರಿಸಿ, ಬಿಳಿಯ ಹತ್ತಿಯಿಂದ ಮುಚ್ಚಿ ಎಳ್ಳೆಣ್ಣೆ ಚಿಮುಕಿಸಬೇಕು. ಅಲ್ಲಿರುವುದು ಕೆನ್ನೆ, ಹಣೆಯಲ್ಲ; ಎಲೆ, ಮೇಣವಲ್ಲ. ಒಂದೆಡೆಯ ಚರ್ಮದಿಂದ ಇನ್ನೊಂದೆಡೆಯ ಅಂಗವನ್ನು ಕಟ್ಟಬಹುದೆಂಬ ಯೋಚನೆಯನ್ನು ಅಳತೆಯ ಸಮೇತ ಬರೆದಿಟ್ಟ ಹಿರಿಮೆ ಸುಶ್ರುತರದು, ಅದರಲ್ಲಿ ಸಂಶಯವಿಲ್ಲ. ಆದರೆ ಲಂಡನ್ ತಲುಪಿದ ವಿಧಾನ ಆ ಪುಟದಿಂದ ನೇರವಾಗಿ ಬಂದದ್ದಲ್ಲ.

ಹಣೆಯ ವಿಧಾನದ ಒಂದು ಹಳೆಯ ಸಾಕ್ಷಿ ನಮ್ಮ ವಿಜಯಪುರದ ಕಡೆಯದು ಎಂಬುದನ್ನು ನಿಮ್ಮ ವಿದ್ಯಾರ್ಥಿಗಳು ತಿಳಿಯಬೇಕು. 17ನೆಯ ಶತಮಾನದ ಕೊನೆಯ ಭಾಗದಲ್ಲಿ ಭಾರತದಲ್ಲಿದ್ದ ಇಟಲಿಯ ನಿಕೊಲಾವ್ ಮನುಚ್ಚಿಯು, ಬಿಜಾಪುರದವರು ಶತ್ರುಪಾಳೆಯದಿಂದ ಹುಲ್ಲು ಕೊಯ್ಯಲು ಬಂದ ಬಡಪಾಯಿಗಳ ಮೂಗು ಕೊಯ್ದು ಕಳಿಸುತ್ತಿದ್ದರೆಂದೂ, ನಾಡಿನ ಶಸ್ತ್ರವೈದ್ಯರು ಹುಬ್ಬಿನ ಮೇಲಿನ ಚರ್ಮವನ್ನು ತಿರುಚಿ ಇಳಿಸಿ ಮೂಗು ಕಟ್ಟುತ್ತಿದ್ದರೆಂದೂ, ಅಂಥವರನ್ನು ತಾನು ಕಂಡಿದ್ದೆನೆಂದೂ ಬರೆದಿದ್ದಾನೆ. ಕಾವಸ್ಜಿಗಿಂತ ಸುಮಾರು ನೂರು ವರ್ಷ ಹಿಂದಿನ ಮಾತಿದು. ಯುದ್ಧದಲ್ಲೂ ಶಿಕ್ಷೆಯಾಗಿಯೂ ಮೂಗು ಕೊಯ್ಯುವ ಕ್ರೌರ್ಯ ಇದ್ದೆಡೆಯಲ್ಲೇ ಅದನ್ನು ಕಟ್ಟುವ ಕೈಗಳೂ ಪಳಗಿದ್ದವು.

ಯುರೋಪಿನಲ್ಲಿ ಆಗ ಏನಿತ್ತು? ಬೊಲೊನ್ಯದ ಗ್ಯಾಸ್ಪರೆ ತಾಲ್ಯಕೊಝಿ ತೋಳಿನ ಚರ್ಮದಿಂದ ಮೂಗು ಕಟ್ಟುವ ವಿಧಾನವನ್ನು 1597ರಲ್ಲಿ ಪ್ರಕಟಿಸಿದ್ದರು. ರೋಗಿ ವಾರಗಟ್ಟಲೆ ತೋಳನ್ನು ಮುಖಕ್ಕೆ ಕಟ್ಟಿಕೊಂಡೇ ಇರಬೇಕಿತ್ತು. ಅವರ ನಂತರ ಆ ವಿದ್ಯೆ ಮರೆತುಹೋಯಿತು. 1794ರ ಪತ್ರದಿಂದ ಪ್ರೇರಿತರಾದ ಲಂಡನ್ನಿನ ಶಸ್ತ್ರವೈದ್ಯ ಜೋಸೆಫ್ ಕಾರ್ಪ್ಯೂ ಶವಗಳ ಮೇಲೆ ಅಭ್ಯಾಸ ಮಾಡಿ, 1814ರ ಅಕ್ಟೋಬರ್‌ನಲ್ಲಿ, ಪಾದರಸದ ಔಷಧದಿಂದ ಮೂಗು ಹಾಳಾಗಿದ್ದ ಸೇನಾಧಿಕಾರಿಯೊಬ್ಬರಿಗೆ ಹಣೆಯ ಚರ್ಮದಿಂದ ಮೂಗು ಕಟ್ಟಿದರು. ಮೂರನೆಯ ದಿನ ಗಾಯಕ್ಕೆ ಕಟ್ಟಿದ ಬಟ್ಟೆ ಬಿಚ್ಚಿದಾಗ ರೋಗಿಯ ಗೆಳೆಯರು "ದೇವರೇ, ಮೂಗು ಇದೆ!" ಎಂದು ಉದ್ಗರಿಸಿದರಂತೆ. 1816ರಲ್ಲಿ ಕಾರ್ಪ್ಯೂ ತಮ್ಮ ಎರಡು ಚಿಕಿತ್ಸೆಗಳ ವಿವರವನ್ನು ಪ್ರಕಟಿಸಿದರು, ಮತ್ತು ಅದು ಭಾರತದ ವಿಧಾನವೆಂದು ಮುಚ್ಚುಮರೆಯಿಲ್ಲದೆ ಹೇಳಿದರು. ಬರ್ಲಿನ್ನಿನ ಶಸ್ತ್ರವೈದ್ಯ ಗ್ರೇಫೆ 1818ರಲ್ಲಿ ತಮ್ಮ ಗ್ರಂಥಕ್ಕೆ 'ರೈನೋಪ್ಲಾಸ್ಟಿಕ್' ಎಂದು ಹೆಸರಿಟ್ಟರು. ಇಲ್ಲಿಯ 'ಪ್ಲಾಸ್ಟಿಕ್' ಎಂಬುದು ರೂಪಿಸುವುದು ಎಂಬರ್ಥದ ಗ್ರೀಕ್ ಮೂಲದ್ದು. ನಾವು ದಿನವೂ ಬಳಸುವ ಪ್ಲಾಸ್ಟಿಕ್ ವಸ್ತುವಿನ ಹೆಸರೂ ಅದೇ ಮೂಲದ್ದು, ಆದರೆ ಈ ಚಿಕಿತ್ಸೆಯ ಹೆಸರು ಆ ವಸ್ತುವಿನಿಂದ ಬಂದದ್ದಲ್ಲ.

ಹೀಗೆ ಕಾರ್ಪ್ಯೂ, ಗ್ರೇಫೆ ಇಬ್ಬರ ಹೆಸರೂ ಉಳಿದವು, ರೋಗಿ ಕಾವಸ್ಜಿಯ ಹೆಸರೂ ಉಳಿಯಿತು. ಪುಣೆಯ ಆ ಶಸ್ತ್ರವೈದ್ಯರ ಹೆಸರನ್ನು ಕೇಳಿ ಬರೆದುಕೊಳ್ಳಬೇಕೆಂದು ಪತ್ರ ಬರೆದವರಿಗೆ ತೋಚಲಿಲ್ಲ. ಎಲ್ಲವನ್ನೂ ಸುಶ್ರುತರ ಖಾತೆಗೆ ಬರೆದುಬಿಟ್ಟರೆ, ಶಾಸ್ತ್ರಗ್ರಂಥದಲ್ಲಿಲ್ಲದ ವಿದ್ಯೆಯನ್ನು ತಲೆಮಾರುಗಳ ಕಾಲ ಕೈಯಿಂದ ಕೈಗೆ ದಾಟಿಸಿದ ಈ ಜನರನ್ನು ನಾವೂ ಎರಡನೆಯ ಸಲ ಅಳಿಸಿದಂತಾಗುತ್ತದೆ. ಪಾಠದಲ್ಲಿ ದಯವಿಟ್ಟು ಸುಶ್ರುತರನ್ನೂ ಈ ಹೆಸರಿಲ್ಲದವರನ್ನೂ ಬೇರೆಬೇರೆಯಾಗಿ ಹೇಳಿ.

ಪ್ರಶ್ನೆ: ಅರಿವಳಿಕೆಯೂ ಇಲ್ಲದ, ಸೋಂಕಿನ ತಿಳಿವಳಿಕೆಯೂ ಇಲ್ಲದ ಕಾಲದಲ್ಲಿ ಇದನ್ನೆಲ್ಲ ಹೇಗೆ ಸಹಿಸಿದರು? (ನರ್ಸಿಂಗ್ ವಿದ್ಯಾರ್ಥಿನಿ, ಹುಬ್ಬಳ್ಳಿ)

ಉತ್ತರ: ನೋವು ಸಹಿಸಲಾರದವರಿಗೆ, ಮದ್ಯದ ಅಭ್ಯಾಸವಿದ್ದರೆ, ಶಸ್ತ್ರಕರ್ಮಕ್ಕೆ ಮುನ್ನ ತೀಕ್ಷ್ಣವಾದ ಮದ್ಯ ಕುಡಿಸಬೇಕೆಂದು ಸುಶ್ರುತರು ಹೇಳುತ್ತಾರೆ. ಗಾಯಾಳುವಿನ ಕೋಣೆಗೆ ಸಾಸಿವೆ, ಬೇವಿನೆಲೆ, ಉಪ್ಪು, ತುಪ್ಪಗಳ ಹೊಗೆ ಹಾಕಲು ಹೇಳಿದ್ದಾರೆ. ಮುಖಕ್ಕೆ ರಕ್ತಸಂಚಾರ ಹೇರಳವಾಗಿರುವುದರಿಂದ ಅಲ್ಲಿಯ ಗಾಯ ಬೇರೆಡೆಗಿಂತ ಬೇಗ ಮಾಯುತ್ತದೆ. ಮೂಗಿನ ಚಿಕಿತ್ಸೆ ಅಷ್ಟು ಹಿಂದೆಯೇ ಫಲಿಸಿದ್ದಕ್ಕೆ ಇದೂ ಒಂದು ಕಾರಣ.

ಮಿಕ್ಕದ್ದೆಲ್ಲ ಕೈಚಳಕ. ಸಂಹಿತೆಯ ಪ್ರಕಾರ ಶಿಷ್ಯನು ಬೂದುಗುಂಬಳ, ಸೋರೆ, ಸೌತೆಕಾಯಿಗಳ ಮೇಲೆ ಕೊಯ್ಯುವುದನ್ನೂ, ನೈದಿಲೆಯ ದಂಟಿನ ಮೇಲೆ ಚುಚ್ಚುವುದನ್ನೂ, ದಪ್ಪ ಬಟ್ಟೆ ಮತ್ತು ಮೆದು ಚರ್ಮದ ಅಂಚುಗಳಲ್ಲಿ ಹೊಲಿಯುವುದನ್ನೂ ಕಲಿಯಬೇಕಿತ್ತು. ಎಷ್ಟೇ ಓದಿದ್ದರೂ ಈ ಅಭ್ಯಾಸವಿಲ್ಲದವನು ಶಸ್ತ್ರಕರ್ಮಕ್ಕೆ ಯೋಗ್ಯನಲ್ಲ ಎಂಬುದು ಅಲ್ಲಿಯ ಮಾತು. ಬೋಸ್ಟನ್ನಿನಲ್ಲಿ ಈಥರ್ ಅರಿವಳಿಕೆಯ ಪ್ರದರ್ಶನ ನಡೆದದ್ದು 1846ರಲ್ಲಿ, ಶಸ್ತ್ರವೈದ್ಯ ಲಿಸ್ಟರ್ ಗಾಯದ ಸೋಂಕು ತಡೆಯುವ ಕಾರ್ಬಾಲಿಕ್ ಆಮ್ಲದ ವಿಧಾನವನ್ನು ಪ್ರಕಟಿಸಿದ್ದು 1867ರಲ್ಲಿ. ಕಾವಸ್ಜಿಯಂತೆಯೇ ಕಾರ್ಪ್ಯೂ ಅವರ ಆ ಸೇನಾಧಿಕಾರಿಯೂ ಹಣೆಯ ಚರ್ಮ ಬಿಡಿಸುವಾಗ ಪೂರ್ತಿ ಎಚ್ಚರವಾಗಿಯೇ ಇದ್ದರು.